ತೇಲಮ್ಮನನ್ನು ಹೆತ್ತವಳು

ಮಾರಕ್ಕ ಹೇಳುವ ಪ್ರತಿಯೊಂದು ಸುಳ್ಳೂ “ಸುಳ್ಳ್ಯಾಕೆ ಹೇಳ್ಲಿ” ಎಂಬ ಮಾತಿನಿಂದಲೇ ಆರಂಭವಾಗುತ್ತಿತ್ತು. ಈ ಗುಟ್ಟನ್ನು ಆ ಬಂದರು ಪಟ್ಟಣಕ್ಕೆ ಬಂದ ಎರಡನೆಯ ತಿಂಗಳಲ್ಲೇ ಭೇದಿಸಿದೆನೆಂದೂ, ಅದು ನನ್ನೊಬ್ಬನಿಗೇ ತಿಳಿದ ಸಂಗತಿಯೆಂದೂ ನಾನು ಬಹಳ ವರ್ಷ ಒಳಗೊಳಗೇ ಬೀಗುತ್ತಿದ್ದೆ. “ಸುಳ್ಳ್ಯಾಕೆ ಹೇಳ್ಲಿ, ನಮ್ಮಜ್ಜ ಒಂದ್ಸಲ ಬಿರುಗಾಳಿನ ಹಿಡಿದು ಕಂಬಕ್ಕೆ ಕಟ್ಟಿಹಾಕಿದ್ದ, ಬೆಳಿಗ್ಗೆ ಎದ್ದು ನೋಡಿದ್ರೆ ಹಗ್ಗ ಕಡ್ಕೊಂಡು ಓಡಿಹೋಗಿತ್ತು” ಎಂದು ಹೇಳುವಾಗ ಆಕೆಯ ಮುಖದಲ್ಲಿ ನಗೆಯ ಎಳೆಯೂ ಇರುತ್ತಿರಲಿಲ್ಲ. ಅಜ್ಜನ ಹಗ್ಗ ಎಷ್ಟು ಮಾರಿನದು, ಎಷ್ಟು ಹುರಿಯದು, ಕಡಿದ ತುದಿ ಯಾವ ವಾಸನೆ ಬರುತ್ತಿತ್ತು ಎಂಬ ವಿವರಗಳು ಒಂದರ ಬೆನ್ನಿಗೊಂದು ಬಂದು, ಕೇಳುವವನ ವಿವೇಕವನ್ನು ನಾಲ್ಕೂ ಕಡೆಯಿಂದ ಬಿಗಿದು ಮೂಲೆಗೆ ಕೂರಿಸಿಬಿಡುತ್ತಿದ್ದವು. ನಿಜ ಹೇಳುವಾಗ ಮಾತ್ರ ಆಕೆಗೆ ಪೀಠಿಕೆ ಬೇಕಿರಲಿಲ್ಲ. “ಈ ಹಗ್ಗ ಬೇಡ, ಆರು ತಿಂಗಳಿಗೆ ಕೊಳೆಯುತ್ತೆ” ಎಂದರೆ ಅಷ್ಟೇ. ಮುಂದೆ ಅರ್ಧವಿರಾಮವೂ ಇಲ್ಲ.

ಹಗ್ಗವನ್ನು ಮಾರು ಹಾಕಿ ಅಳೆದು ಮಾರುವವಳಾದ್ದರಿಂದ ಮಾರಕ್ಕ. ಅಂಗಡಿಯಲ್ಲಿ ಅಳತೆಪಟ್ಟಿ ಇತ್ತು, ಗೋಡೆಗೆ ಮೊಳೆ ಹೊಡೆದು ತೂಗುಹಾಕಿದ್ದಳು, ಅಲಂಕಾರಕ್ಕೆ. ಆಕೆಯ ಅಳತೆ ಆಕೆಯ ಎರಡು ತೋಳುಗಳೇ. ಎರಡೂ ಕೈಗಳನ್ನು ಗರುಡನ ರೆಕ್ಕೆಯಂತೆ ಬಿಚ್ಚಿ, ಎದೆಯ ಮೇಲಿಂದ ಹಗ್ಗವನ್ನು ಸರಸರನೆ ಎಳೆದು, ಕೊನೆಯಲ್ಲಿ ಒಂದು ಗೇಣು ಜಾಸ್ತಿ ಬಿಟ್ಟು ಕತ್ತರಿಸುತ್ತಿದ್ದಳು. ಮಾತಿನಲ್ಲಿ ಆಕೆಗೆ ಅಳತೆಯಿರಲಿಲ್ಲ. ಅಳತೆಯಲ್ಲಿ ಎರಡು ಮಾತಿರಲಿಲ್ಲ.

ನಡಿಗೆಯೋ, ಅದೊಂದು ದೃಶ್ಯ. ಹುಟ್ಟಿದಂದಿನಿಂದ ನೆಲದ ಮೇಲೆಯೇ ಇದ್ದವಳು ಕಾಲುಗಳನ್ನು ಅಗಲಿಸಿ, ಊರಿನ ರಸ್ತೆ ಯಾವ ಕ್ಷಣದಲ್ಲಾದರೂ ಒಂದು ಪಕ್ಕಕ್ಕೆ ವಾಲೀತೆಂಬ ಎಚ್ಚರದಲ್ಲಿ, ತೂಗುತ್ತ ತೂಗುತ್ತ ಬರುತ್ತಿದ್ದಳು. ಮೈಮೇಲೆ ತೀರಿಕೊಂಡ ಅಪ್ಪನ ಮಳೆಕೋಟು. ಸುಡುಬಿಸಿಲಿರಲಿ, ಸಂಜೆಯ ತಂಗಾಳಿಯಿರಲಿ, ಅದನ್ನು ಬಿಟ್ಟು ಆಕೆಯನ್ನು ಯಾರೂ ಕಂಡಿರಲಿಲ್ಲ. ಅದರ ಜೇಬುಗಳಲ್ಲಿ ಮೇಣದ ಉಂಡೆ, ಗೋಣಿಸೂಜಿ, ನಾಲ್ಕಾರು ಪೆಪ್ಪರ್‌ಮಿಂಟು, ಮೊಳದುದ್ದದ ಹಗ್ಗದ ತುಂಡುಗಳು. ಮಾತಾಡುತ್ತಿರುವಾಗ ಆಕೆಯ ಕೈಗಳು ತಮ್ಮಷ್ಟಕ್ಕೆ ಏನನ್ನಾದರೂ ಗಂಟು ಹಾಕುತ್ತಿದ್ದವು: ಸೆರಗಿನ ಅಂಚು, ಮಗುವಿನ ಜಡೆಯ ರಿಬ್ಬನ್ನು, ಎದುರಿಗಿದ್ದವರ ಛತ್ರಿಯ ದಾರ. ಬ್ಯಾಂಕಿನ ಗುಮಾಸ್ತನೊಬ್ಬ ಆಕೆಯೊಡನೆ ಕಾಲುಗಂಟೆ ಹರಟಿ ಎದ್ದಾಗ ಅವನ ಚೀಲದ ಪಟ್ಟಿ ಕುರ್ಚಿಗೆ ಎಂಥ ಗಂಟಿನಲ್ಲಿ ಬಿಗಿದಿತ್ತೆಂದರೆ, ಆಕೆ ಅಷ್ಟರಲ್ಲಿ ಊಟಕ್ಕೆ ಹೋಗಿದ್ದರಿಂದ ಆ ಮಹಾನುಭಾವ ಕುರ್ಚಿಯನ್ನೂ ಹೊತ್ತುಕೊಂಡೇ ಬ್ಯಾಂಕಿಗೆ ಹೋಗಬೇಕಾಯಿತು.

ನಾನು ಹವಾಮಾನ ಕಚೇರಿಯ ಗುಮಾಸ್ತ. ಗಾಳಿ, ಮಳೆ, ಉಬ್ಬರ, ಇಳಿತಗಳನ್ನು ದಿನಕ್ಕೆ ನಾಲ್ಕು ಸಲ ಬರೆದಿಡುವುದು ನನ್ನ ಕೆಲಸ. ವಾಸ ಮಾರಕ್ಕನ ಅಂಗಡಿಯ ಮೇಲಿನ ಕೋಣೆಯಲ್ಲಿ. ನೆಲದ ಹಲಗೆಗಳ ಸಂದಿಯಿಂದ ನಾರು ಮತ್ತು ಡಾಂಬರಿನ ವಾಸನೆ ಮೇಲೇರಿ ನನ್ನ ಹಾಸಿಗೆ, ದಿಂಬು, ಬಿಳಿ ಅಂಗಿ ಎಲ್ಲವನ್ನೂ ತನ್ನದಾಗಿಸಿಕೊಂಡಿತ್ತು. ಆಕೆ ನನ್ನನ್ನು “ಗಾಳಿ ಸಾಹೇಬ್ರೇ” ಎಂದು ಕರೆಯುತ್ತಿದ್ದಳು. ಬೆಳಿಗ್ಗೆ ನಾನು ಮೆಟ್ಟಿಲಿಳಿಯುವಾಗ, “ಏನ್ ಗಾಳಿ ಸಾಹೇಬ್ರೇ, ಇವತ್ತು ಏನು ಬರುತ್ತೆ ಅಂತ ಬರ್ದಿದ್ದೀರಿ? ಬರದೇ ಇದ್ರೆ ಯಾರು ಹೊಣೆ?” ಎಂದು ದಿನವೂ ಕೇಳುತ್ತಿದ್ದಳು. ಮದುವೆಯಾಗಿರಲಿಲ್ಲ. ಪಕ್ಕದ ಮನೆಯಲ್ಲಿ ತಮ್ಮ, ತಮ್ಮನ ಹೆಂಡತಿ. ತಮ್ಮ ಬಂದರಿಗೆ ಬರುವ ದೊಡ್ಡ ಹಡಗುಗಳನ್ನು ಎಳೆದು ತರುವ ಟಗ್ ದೋಣಿಯ ಚಾಲಕ. ಊರಿಗೆಲ್ಲ ಅವನು ಟಗ್ಗಣ್ಣ. ಸಿಟ್ಟು ಬಂದಾಗ, ಅವನ ಬೆನ್ನ ಹಿಂದೆ, ಟಗರಣ್ಣ. ಅವನ ಹೆಂಡತಿಯನ್ನು ಮಾರಕ್ಕ “ನನ್ನ ಹುಡುಗಿ” ಎನ್ನುತ್ತಿದ್ದಳು. ಆ ಹುಡುಗಿ ಸಂಜೆ ಅಂಗಡಿಯ ಗಲ್ಲಾಪೆಟ್ಟಿಗೆಯ ಮೇಲೆ ಕಾಲು ಇಳಿಬಿಟ್ಟು ಕೂತು, ಮಾರಕ್ಕನ ಸುಳ್ಳುಗಳಿಗೆ “ಆಮೇಲೆ?” “ಆಮೇಲೆ?” ಎಂದು ಎಣ್ಣೆ ಹೊಯ್ಯುತ್ತಿದ್ದಳು.

ನಾನು ಬಂದ ಮೂರನೆಯ ವರ್ಷ, ಒಂದು ನಡುಮಧ್ಯಾಹ್ನ, ಆಚೆ ದಡದ ಸಂತೆ ಮುಗಿಸಿಕೊಂಡು ಜನರನ್ನು ತರುತ್ತಿದ್ದ ಲಾಂಚು ದೋಣಿಕಟ್ಟೆ ಇನ್ನು ಹದಿನೈದು ಮಾರು ಇದೆಯೆನ್ನುವಾಗ ಮಗುಚಿಕೊಂಡಿತು. ಬಿರುಗಾಳಿಯಿಂದಲ್ಲ. ಆ ದಿನದ ನನ್ನ ದಾಖಲೆಯಲ್ಲಿ ಗಾಳಿ: ಇಲ್ಲ, ಅಲೆ: ಅತ್ಯಲ್ಪ ಎಂದಿದೆ. ಮೊದಲು ಇಳಿಯುವ ಅವಸರಕ್ಕೆ ಎಲ್ಲರೂ ಒಂದೇ ಪಕ್ಕಕ್ಕೆ ನುಗ್ಗಿದರು; ಲಾಂಚು ದಣಿದ ಎತ್ತಿನಂತೆ ಮೆಲ್ಲಗೆ ಮಗ್ಗುಲಾಯಿತು. ದಡದಲ್ಲಿ ಇನ್ನೂರು ಜನ ನಿಂತಿದ್ದರು. ಹೆಚ್ಚಿನವರು ತಲೆಮಾರುಗಳಿಂದ ಸಮುದ್ರವನ್ನೇ ಉಂಡು ಉಟ್ಟವರು, ಮತ್ತು ಅವರಲ್ಲಿ ಒಬ್ಬರಿಗೂ ಈಜು ಬರುತ್ತಿರಲಿಲ್ಲ. ಹೊರಗಿನವರಿಗೆ ಇದು ವಿಚಿತ್ರವೆನಿಸೀತು. ಆದರೆ ಈಜು ಕಲಿಯುವುದೆಂದರೆ ಸಮುದ್ರದ ಮೇಲೆ ಅಪನಂಬಿಕೆ ತೋರಿಸಿದಂತೆ, ಅದು ಕರೆದಾಗ ಬರಲ್ಲವೆಂದು ಜಗಳ ತೆಗೆದಂತೆ ಎಂಬುದು ಅಲ್ಲಿಯ ಹಿರಿಯರ ಗಟ್ಟಿ ನಂಬಿಕೆ. ಮಾರಕ್ಕ ಅಂಗಡಿಯಿಂದ ಹಗ್ಗದ ಸಿಂಬಿ ಹೊತ್ತು ಓಡಿಬಂದು ಎಸೆದಳು, ಎಳೆದುಕೊಂಡು ಮತ್ತೆ ಎಸೆದಳು. ಸಣ್ಣ ದೋಣಿಗಳು ಹೋಗಿ ಸಿಕ್ಕವರನ್ನೆಲ್ಲ ಎತ್ತಿ ತಂದವು. ಹನ್ನೊಂದು ಮಂದಿ ಸಿಗಲಿಲ್ಲ. ಆ ಹನ್ನೊಂದರಲ್ಲಿ ಮಾರಕ್ಕನ ಹುಡುಗಿಯೂ ಒಬ್ಬಳು. ಟಗ್ಗಣ್ಣ ಆಗ ಬಂದರಿನ ಬಾಯಲ್ಲಿ ಸರಕಿನ ಹಡಗೊಂದನ್ನು ಎಳೆದು ತರುತ್ತಿದ್ದ. ಅವನು ಬರುವ ಹೊತ್ತಿಗೆ ಎಲ್ಲ ಮುಗಿದು, ನೀರು ಏನೂ ಅರಿಯದ ಕೂಸಿನಂತೆ ಮಲಗಿತ್ತು.

ಆರು ತಿಂಗಳು ಮಾರಕ್ಕ ಒಂದೂ ಸುಳ್ಳು ಹೇಳಲಿಲ್ಲ. ಅದೇ ನನಗೆ ಹೆಚ್ಚು ಭಯ ಹುಟ್ಟಿಸಿತು.

ಆಮೇಲೆ ಆಕೆ ಎದ್ದು ಹೊರಟಳು. ಮನೆಮನೆಗೆ ಹೋಗಿ, ಪೀಠಿಕೆಯಿಲ್ಲದೆ, “ನೀರಲ್ಲಿ ತೇಲೋದು ಕಲೀರಿ. ಬೆನ್ನ ಮೇಲೆ ಮಲಗಿದ್ರೆ ಸಾಕು, ಮನುಷ್ಯ ಮುಳುಗಲ್ಲ” ಎಂದಳು. ಎಲ್ಲರೂ ಹೌದು ಹೌದು ಎಂದು ತಲೆಯಾಡಿಸಿದರು, ಒಬ್ಬರೂ ಬರಲಿಲ್ಲ. ದೂರದ ಊರಿನಿಂದ ಈಜು ಮಾಸ್ತರನ್ನು ಕರೆಸಿದಳು. ಕೊರಳಲ್ಲಿ ಪೀಪಿ ತೂಗುಹಾಕಿಕೊಂಡ ಆ ಸಣಕಲು ಮನುಷ್ಯ ಮರಳಿನಲ್ಲಿ ಕುರ್ಚಿ ಹಾಕಿಕೊಂಡು ನಾಲ್ಕು ದಿನ ಒಬ್ಬನೇ ಕೂತ. ಐದನೆಯ ದಿನ ಬೇಸರಕ್ಕೆ ತಾನೇ ಒಂದು ಸಲ ಪೀಪಿ ಊದಿ, ತಾನೇ ನೀರಿಗಿಳಿದು, ತಾನೇ ಮೇಲೆ ಬಂದು, ಮೈ ಒರೆಸಿಕೊಂಡು ಊರಿಗೆ ಹೋದ. ಜನರಿಗೆ ಮನಸ್ಸಿರಲಿಲ್ಲವೆಂದಲ್ಲ. ಸತ್ತವರ ನೆನಪು ಮೊಣಕಾಲುದ್ದ ನೀರಿನಲ್ಲೂ ಕಾಲಿಗೆ ತೊಡರುತ್ತಿತ್ತು.

ಅಷ್ಟರಲ್ಲಿ ಬಂದರಿನವರು ಮುರಿದುಬಿದ್ದ ಹಳೆಯ ದೋಣಿಕಟ್ಟೆಯ ಮರದ ಗೂಟಗಳನ್ನು ಕೀಳಿಸಿದರು. ಟಗ್ಗಣ್ಣನೇ ಟಗ್ಗಿಗೆ ಸರಪಳಿ ಬಿಗಿದು ಒಂದೊಂದಾಗಿ ಎಳೆದು ಹಾಕಿದ. ಅಂಗಡಿಯ ಹಿಂದೆ ಎರಡು ಬೇಸಿಗೆ ಒಣಗಿದ ಆ ರಾಶಿಯಲ್ಲಿ ಆಳೆತ್ತರದ ಒಂದು ಗೂಟವಿತ್ತು. ಹಗ್ಗ ಉಜ್ಜಿ ಉಜ್ಜಿ ನಡು ಸಣ್ಣಗಾಗಿತ್ತು. ಮೇಲುಗಡೆ ಬೋಲ್ಟು ಕಳಚಿಬಿದ್ದ ಎರಡು ತೂತು, ಕೆಳಗೊಂದು ಅಡ್ಡ ಸೀಳು. ಬೆನ್ನಿಗೆ ತುಕ್ಕು ಹಿಡಿದ ಕಬ್ಬಿಣದ ಪಟ್ಟಿ. ಒಂದು ದಿನ ಉಬ್ಬರದ ನೀರು ಹಿತ್ತಲಿಗೆ ನುಗ್ಗಿದಾಗ ಅದು ತೇಲಿತು. ಮಾರಕ್ಕ ಕೋಲಿನಿಂದ ಅದನ್ನು ಬೋರಲು ಹಾಕಿದಳು. ತಿರುಗಿ ಮುಖ ಮೇಲೆ ಮಾಡಿತು. ಮತ್ತೆ ಹಾಕಿದಳು, ಮತ್ತೆ ಮುಖ ಮೇಲೆ. ಎಷ್ಟು ಸಲ ಕೆಡವಿದರೂ ಅದು ಬೆನ್ನ ಮೇಲೆ ಹೊರಳಿ ಆಕಾಶ ನೋಡುತ್ತಿತ್ತು. ಮಹಡಿಯ ಕಿಟಕಿಯಿಂದ ನಾನು ನೋಡುತ್ತಿದ್ದೆ. ಆಕೆಯ ಕೈ ನಿಂತಿತು. ಆ ಮುಖದಲ್ಲಿ ಲಾಂಚು ಮಗುಚಿದಂದಿನಿಂದ ಇಲ್ಲದ ಬೆಳಕು ಹೊತ್ತಿಕೊಂಡದ್ದನ್ನು ಕಂಡು, ಇನ್ನೇನೋ ಶುರುವಾಗುತ್ತದೆ ಎಂದುಕೊಂಡೆ.

ಮರುದಿನ ಬೆಳಿಗ್ಗೆ ಆಕೆ ನೆಟ್ಟಗೆ ಹೋದದ್ದು ಮೀನು ಮಾರುಕಟ್ಟೆಗೆ, ತಕ್ಕಡಿಯಮ್ಮನ ಕಟ್ಟೆಗೆ. ತಕ್ಕಡಿಯಮ್ಮ ಮಾರುಕಟ್ಟೆಯ ಹೆಂಗಸರಿಗೆಲ್ಲ ಯಜಮಾನಿ. ಊರಿನ ಮೀನೂ ಊರಿನ ಸುದ್ದಿಯೂ ಆಕೆಯ ತಕ್ಕಡಿಯಲ್ಲಿ ತೂಗಿಸಿಕೊಂಡೇ ಮುಂದೆ ಹೋಗಬೇಕು. ಲಾಂಚಿನಲ್ಲಿ ಹೋದ ಹನ್ನೊಂದು ಜನರಲ್ಲಿ ಆಕೆಯ ದೊಡ್ಡ ಮಗನೂ ಇದ್ದ. ಮಾರಕ್ಕ ದನಿ ತಗ್ಗಿಸಿ, ಹತ್ತು ಜನಕ್ಕೆ ಕೇಳುವಷ್ಟು ಮಾತ್ರ ತಗ್ಗಿಸಿ, “ಸುಳ್ಳ್ಯಾಕೆ ಹೇಳ್ಲಿ, ನಮ್ಮ ಹಿತ್ತಲಿಗೆ ತೇಲಮ್ಮ ಬಂದಿದ್ದಾಳೆ” ಎಂದಳು.

“ಯಾರವ್ವ ಅದು?” ಎಂದಳು ತಕ್ಕಡಿಯಮ್ಮ, ಕೈಯ ಮೀನನ್ನು ತೂಗುವುದು ಬಿಟ್ಟು.

“ಸಮುದ್ರದ ದೊಡ್ಡಮಗಳು. ಅಪ್ಪ ಮುಳುಗಿಸ್ತಾನೆ, ಮಗಳು ತೇಲಿಸ್ತಾಳೆ. ಅಪ್ಪ ಮಗಳಿಗೆ ಹಿಂದಿನಿಂದ್ಲೂ ಜಗಳ. ಅವಳಿಗೆ ಹೂವು ಬೇಡ, ದೀಪ ಬೇಡ. ಬೆನ್ನ ಮೇಲೆ ಮಲಗಿ ನೂರು ಎಣಿಸೋವರೆಗೆ ನೀರಲ್ಲಿ ತೇಲಿದ್ರೆ ಅದೇ ಪೂಜೆ. ಹಾಗೆ ತೇಲಿದವರ ಮೇಲೆ ಅಪ್ಪನಿಗೆ ಹಕ್ಕಿಲ್ಲ ಅಂತ ಮಾತಾಗಿದೆ.”

ತಕ್ಕಡಿಯಮ್ಮ ಬಹಳ ಹೊತ್ತು ಮಾರಕ್ಕನ ಮುಖವನ್ನೇ ನೋಡಿದಳಂತೆ. ಆಮೇಲೆ, “ಯಾವತ್ತು ಪೂಜೆ?” ಎಂದು ಕೇಳಿದಳಂತೆ.

ಈ ‘ಯಾವತ್ತು’ ಎಂಬುದಕ್ಕೆ ಉತ್ತರ ನನ್ನ ಕೋಣೆಯಲ್ಲಿ ಹುಟ್ಟಿತೆಂದು ಇಂದು ಒಪ್ಪಿಕೊಳ್ಳಬೇಕು. ಮಾರಕ್ಕ ದಡದಡನೆ ಮೆಟ್ಟಿಲೇರಿ ಬಂದು, “ಗಾಳಿ ಸಾಹೇಬ್ರೇ, ವರ್ಷದಲ್ಲಿ ಸಮುದ್ರ ಅತಿ ಸಮಾಧಾನವಾಗಿರೋ ದಿನ ಯಾವ್ದು? ದೋಣಿಕಟ್ಟೆ ಮೆಟ್ಟಿಲ ಹತ್ರ ನೀರು ಎದೆಮಟ್ಟ ನಿಲ್ಲೋ ಗಳಿಗೆ ಯಾವ್ದು? ಬೇಗ ಹೇಳಿ” ಎಂದಳು. ಸರ್ಕಾರಿ ನೌಕರನಾದ ನಾನು ಹತ್ತು ವರ್ಷದ ದಾಖಲೆಗಳನ್ನು ಹರಡಿಕೊಂಡು, ಬೆರಳಿಗೆ ಉಗುಳು ಹಚ್ಚಿ ಹಾಳೆ ತಿರುವಿ, ದೇವರೊಬ್ಬಳ ಹಬ್ಬದ ದಿನ ಗೊತ್ತುಮಾಡಿಕೊಟ್ಟೆ. ನಾಲ್ಕು ವರ್ಷ ಕಳೆಯುವಷ್ಟರಲ್ಲಿ ಊರಿನ ಹಿರಿಯರು “ಅದು ತೇಲಮ್ಮ ತಾನೇ ಆರಿಸಿಕೊಂಡ ದಿನ” ಎಂದು ನನಗೇ ವಿವರಿಸತೊಡಗಿದರು. ನಾನು ಭಕ್ತಿಯಿಂದ ಕೇಳಿಸಿಕೊಂಡೆ.

ಮೊದಲ ಹಬ್ಬಕ್ಕೆ ಬಂದವರು ಏಳು ಹೆಂಗಸರು. ಮಾರಕ್ಕ ಮೆಟ್ಟಿಲ ಮೇಲೆ ನಿಂತು ಏಳು ಜನರ ಸೊಂಟಕ್ಕೂ ಒಂದೇ ಹಗ್ಗ ಕಟ್ಟಿ, ತುದಿಯನ್ನು ತನ್ನ ಮುಂಗೈಗೆ ಸುತ್ತಿಕೊಂಡಳು. ಹಗ್ಗ ಹಿಡಿದವಳು ದಡ ಬಿಡಬಾರದೆಂಬುದು ತೇಲಮ್ಮನ ಅಪ್ಪಣೆಯೆಂದು ಮೊದಲೇ ಸಾರಿದ್ದಳು. ದಡದಲ್ಲಿ ನಗುವುದಕ್ಕೆಂದೇ ಬಂದ ಗಂಡಸರ ಗುಂಪು. ತಕ್ಕಡಿಯಮ್ಮ ತನ್ನ ದೊಡ್ಡ ದೇಹವನ್ನು ನೀರಿಗಿಳಿಸುತ್ತ ಅವರ ಕಡೆ ತಿರುಗಿ, “ಸರಿದು ನಿಲ್ರೋ, ನಾನು ಇಳಿದ್ರೆ ನೀರು ಉಕ್ಕಿ ನಿಮ್ಮ ಮನೆಗೇ ನುಗ್ಗುತ್ತೆ” ಎಂದಳು. ಗೂಟವನ್ನು ನೀರಿಗೆ ದೂಡಿದರು. ಅದು ಒಮ್ಮೆ ಮುಳುಗಿ, ಹೊರಳಿ, ಮುಖ ಮೇಲೆ ಮಾಡಿತು. ಅದನ್ನು ನೋಡುತ್ತ ತಕ್ಕಡಿಯಮ್ಮ ಕಣ್ಣು ಮುಚ್ಚಿ ಹಿಂದಕ್ಕೆ ಒರಗಿದಳು. ಮುಳುಗಿದಳು, ಕೆಮ್ಮಿದಳು, ಬೈದಳು, ಮತ್ತೆ ಒರಗಿದಳು. ಮೂರನೆಯ ಸಲ ನೀರು ಆಕೆಯನ್ನು ಎತ್ತಿಕೊಂಡಿತು. “ಒಂದು!” ಎಂದು ಮಾರಕ್ಕ ಕೂಗಿದಳು. “ಎರಡು! ಮೂರು!” ಇಪ್ಪತ್ತಾಗುವಷ್ಟರಲ್ಲಿ ನಗಲು ಬಂದವರೂ ಎಣಿಸುತ್ತಿದ್ದರು, ಐವತ್ತಕ್ಕೆ ದಡವೆಲ್ಲ ಎಣಿಸುತ್ತಿತ್ತು, ತೊಂಬತ್ತಕ್ಕೆ ನಾನು, ಗಾಳಿಯ ವೇಗ ಬರೆಯಬೇಕಾದ ಪೆನ್ಸಿಲು ಕೈಲಿ ಹಿಡಿದೇ, ಗಂಟಲು ಹರಿಯುವಂತೆ ಕಿರುಚುತ್ತಿದ್ದೆ. ನೂರು ಎಂದಾಗ ಎದ್ದ ಕೂಗಿಗೆ ಮೀನಿನ ಬುಟ್ಟಿಗಳ ಸುತ್ತ ಕೂತಿದ್ದ ಕಾಗೆಗಳೆಲ್ಲ ಒಟ್ಟಿಗೆ ಹಾರಿಹೋದವು.

ಮುಂದಿನದು ಹಬ್ಬವಲ್ಲ, ಹುಚ್ಚು. ಎರಡನೆಯ ವರ್ಷ ಎಂಬತ್ತು ಜನ, ಮೂರನೆಯ ವರ್ಷ ಅರ್ಧ ಊರು. ಹಬ್ಬಕ್ಕೆ ತಿಂಗಳಿದೆಯೆನ್ನುವಾಗಲೇ ದೋಣಿಗಳಿಗೆ ಹಳದಿ ಬಣ್ಣ ಬೀಳುತ್ತಿತ್ತು. ಖಾಲಿ ಎಣ್ಣೆಯ ಪೀಪಾಯಿಗಳು ನಗಾರಿಗಳಾಗುತ್ತಿದ್ದವು. ಮನೆಮನೆಯ ನೀರಿನ ತೊಟ್ಟಿಗಳಲ್ಲಿ ಮಕ್ಕಳು ಉಸಿರು ಕಟ್ಟಿ ಅಭ್ಯಾಸ ಮಾಡಿ ತಾಯಂದಿರಿಂದ ಏಟು ತಿನ್ನುತ್ತಿದ್ದರು. ಹಬ್ಬದ ಬೆಳಿಗ್ಗೆ ಬಂದರಿನಲ್ಲಿ ನಿಂತ ಹಡಗುಗಳೆಲ್ಲ ಒಮ್ಮೆಲೇ ಸಿಳ್ಳು ಹಾಕುತ್ತಿದ್ದವು. ತೇಲುವುದರ ಜೊತೆಗೆ ‘ಹಗ್ಗಸೇವೆ’ಯೂ ಸೇರಿಕೊಂಡಿತು. ದೂರದಲ್ಲಿ ತೇಲುವ ಸೋರೆ ಬುರುಡೆಗೆ ಗುರಿಯಿಟ್ಟು ಹಗ್ಗ ಎಸೆಯಬೇಕು. ಮೂರು ಎಸೆತದೊಳಗೆ ಬುರುಡೆಯನ್ನು ಎಳೆದು ತರದವರಿಗೆ ಆ ವರ್ಷ ತೇಲಮ್ಮನ ಮುಖ ನೋಡುವ ಅವಕಾಶವಿಲ್ಲ. ಈ ಅಪ್ಪಣೆಗಳೆಲ್ಲ “ಸುಳ್ಳ್ಯಾಕೆ ಹೇಳ್ಲಿ” ಎಂಬ ಪೀಠಿಕೆಯೊಡನೆ ಅಂಗಡಿಯಿಂದ ಹೊರಡುತ್ತಿದ್ದವು. ಮಾರಕ್ಕನ ನಡಿಗೆ ಇನ್ನಷ್ಟು ಅಗಲವಾಯಿತು. ಕಣ್ಣಲ್ಲಿ ಅದೇನು ಮಿಂಚು! ಹೊಸ ಅಪ್ಪಣೆಯೊಂದು ಹೊಳೆದ ದಿನ ಆಕೆ ಹಗ್ಗ ಅಳೆಯುವ ಭರದಲ್ಲಿ ಹತ್ತು ಮಾರು ಕೇಳಿದವರಿಗೆ ಹದಿಮೂರು ಮಾರು ಕತ್ತರಿಸಿ ಕೊಟ್ಟು ಕಳಿಸುತ್ತಿದ್ದಳು.

ಒಬ್ಬನು ಮಾತ್ರ ಹಬ್ಬಕ್ಕೆ ಬರಲಿಲ್ಲ. ಟಗ್ಗಣ್ಣ ದಿನವೂ ಅಕ್ಕನ ಮನೆಯಲ್ಲೇ ಉಣ್ಣುತ್ತಿದ್ದ, ಉಂಡ ತಟ್ಟೆ ತೊಳೆದಿಟ್ಟು ಹೋಗುತ್ತಿದ್ದ. ಆರು ವರ್ಷದಲ್ಲಿ ಅವರಿಬ್ಬರ ನಡುವೆ “ಇನ್ನಷ್ಟು ಹಾಕ್ಲಾ?” “ಸಾಕು” ಎಂಬುದಕ್ಕಿಂತ ದೊಡ್ಡ ಮಾತು ನಡೆದದ್ದನ್ನು ನಾನು ಕೇಳಿಲ್ಲ. ಹಬ್ಬದ ದಿನ ಅವನು ಕಿಟಕಿ ಬಾಗಿಲು ಮುಚ್ಚಿ ಒಳಗೆ ಕೂರುತ್ತಿದ್ದ. ದೇವರು ಯಾವ ಮರದಿಂದ ಹುಟ್ಟಿದಳೆಂಬುದು ಅವನಿಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿರುವವರು ಮೂವರೇ, ಮಾರಕ್ಕ, ಅವನು, ನಾನು ಎಂದು ಲೆಕ್ಕ ಹಾಕಿ, ಅವನು ಎಂದು ಬಾಯಿಬಿಡುತ್ತಾನೋ ಎಂದು ಪ್ರತಿ ವರ್ಷ ಆ ಮುಚ್ಚಿದ ಕಿಟಕಿಯ ಕಡೆ ತಿರುತಿರುಗಿ ನೋಡುತ್ತಿದ್ದೆ.

ಆರನೆಯ ಹಬ್ಬದಲ್ಲಿ ಬಾಯಿಬಿಟ್ಟ. ನೀರಿನಲ್ಲಿ ಮುನ್ನೂರು ಜನ, ದಡದಲ್ಲಿ ಅದರ ಎರಡರಷ್ಟು. ಪೀಪಾಯಿಗಳ ಸದ್ದಿಗೆ ದೋಣಿಕಟ್ಟೆಯ ಹಲಗೆಗಳೇ ಕುಣಿಯುತ್ತಿದ್ದವು. ತೇಲಮ್ಮನನ್ನು ಆಗಷ್ಟೇ ನೀರಿಗೆ ದೂಡಿದ್ದರು. ಟಗ್ಗಣ್ಣ ಗುಂಪನ್ನು ಸೀಳಿಕೊಂಡು ಬಂದು, ಎಣಿಸುವವನ ಕೈಯಿಂದ ಧ್ವನಿವರ್ಧಕ ಕಿತ್ತುಕೊಂಡ.

“ಎಲ್ಲರೂ ಕೇಳಿ! ಅದು ದೇವರಲ್ಲ. ಹಳೇ ಕಟ್ಟೆಯ ಗೂಟ. ನಾನೇ ನನ್ನ ಕೈಯಾರೆ ಸರಪಳಿ ಬಿಗಿದು ಕಿತ್ತಿದ್ದು. ಬೆನ್ನಿಗೆ ಕಬ್ಬಿಣ ಇದೆ, ಅದಕ್ಕೇ ಮುಖ ಮೇಲೆ ಬರುತ್ತೆ. ಎಲ್ಲ ನಮ್ಮಕ್ಕ ಕಟ್ಟಿದ ಕತೆ. ನನ್ನ ಹೆಂಡತಿನ ನುಂಗಿದ ನೀರಲ್ಲಿ ನೀವೆಲ್ಲ ಕುಣೀತಿದ್ದೀರಿ!”

ಪೀಪಾಯಿಗಳು ನಿಂತವು. ಮಾರಕ್ಕ ಹಗ್ಗದ ತುದಿ ಹಿಡಿದು ಮೆಟ್ಟಿಲ ಮೇಲೆ ಕಂಬದಂತೆ ನಿಂತಿದ್ದಳು. ಮುಗಿಯಿತು, ಎಂದುಕೊಂಡೆ ನಾನು. ಆಗ ಎದೆಮಟ್ಟದ ನೀರಿನಿಂದ ತಕ್ಕಡಿಯಮ್ಮನ ದನಿ ಕೇಳಿಸಿತು. ಆ ಗಂಟಲಿಗೆ ಧ್ವನಿವರ್ಧಕದ ಹಂಗಿರಲಿಲ್ಲ.

“ಅಯ್ಯೋ ಟಗ್ಗಣ್ಣ, ಇಷ್ಟು ಹೇಳೋಕೆ ನಿನಗೆ ಆರು ವರ್ಷ ಬೇಕಾಯ್ತಾ? ಅವಳು ಮಾರುಕಟ್ಟೆಗೆ ಬಂದು ‘ಸುಳ್ಳ್ಯಾಕೆ ಹೇಳ್ಲಿ’ ಅಂತ ಬಾಯಿ ತೆಗೆದಾಗ್ಲೇ ನಮಗೆ ಗೊತ್ತಾಯ್ತು. ಅವಳ ಆ ಮಾತಿನ ಅರ್ಥ ಈ ಊರಿನ ಕೂಸಿಗೂ ಗೊತ್ತು.”

ನೀರಿನಲ್ಲಿದ್ದವರು, ದಡದಲ್ಲಿದ್ದವರು, ಮುದುಕರು, ಮಕ್ಕಳು, ಎಲ್ಲರೂ ತಲೆಯಾಡಿಸುತ್ತಿದ್ದರು. ನನ್ನ ಎರಡನೆಯ ತಿಂಗಳ ಮಹಾಶೋಧ ಅಲ್ಲೇ ನೀರುಪಾಲಾಯಿತು.

“ಗೊತ್ತಿದ್ದೂ?” ಎಂದ ಟಗ್ಗಣ್ಣ. ಧ್ವನಿವರ್ಧಕ ಅವನ ಕೈಯಲ್ಲಿ ಕೆಳಗಿಳಿದಿತ್ತು.

“ಗೊತ್ತಿದ್ದೇ. ನನ್ನ ಮಗನೂ ಇದೇ ನೀರಲ್ಲಿ ಹೋದ, ಮರ್ತುಬಿಟ್ಯಾ? ಇಳೀಬೇಕು ಅಂತ ದಿನಾ ಬಂದು ಈ ಮೆಟ್ಟಿಲ ಮೇಲೆ ಕೂರ್ತಿದ್ದೆ. ಕಾಲು ಬರ್ತಿರಲಿಲ್ಲ. ಯಾರಾದ್ರೂ ಹಿಂದಿನಿಂದ ತಳ್ಳಬೇಕಿತ್ತು, ಅವಳು ತಳ್ಳಿದ್ಲು. ಗೂಟವೋ ದೇವರೋ, ಅದನ್ನ ಕಟ್ಕೊಂಡು ನಮಗೇನು? ನೀನೂ ಇಳಿ ಬಾ.”

ಟಗ್ಗಣ್ಣನ ಮುಖ ಕಪ್ಪಿಟ್ಟಿತು. ಅವನು ಅಕ್ಕನ ಕಡೆ ತಿರುಗಿದ. ಈಗ ಅವನು ಊರಿಗಾಗಿ ಮಾತಾಡುತ್ತಿರಲಿಲ್ಲ.

“ಹಾಗಾದ್ರೆ ಇದೂ ಗೊತ್ತಾ ಇವರಿಗೆ? ನೀನು ಇವತ್ತಿನವರೆಗೆ ಪಾದ ಮುಳುಗೋಷ್ಟು ನೀರಿಗೂ ಇಳಿದಿಲ್ಲ ಅನ್ನೋದು? ಎಲ್ಲರನ್ನೂ ಇಳಿಸಿ ನೀನು ಮಾತ್ರ ದಡದಲ್ಲಿ ನಿಂತಿದ್ದೀಯ. ಅವತ್ತೂ ದಡದಲ್ಲೇ ನಿಂತಿದ್ದೆ, ಅಕ್ಕ!”

ಇದು ಯಾರಿಗೂ ಗೊತ್ತಿರಲಿಲ್ಲ. ಹಗ್ಗ ಹಿಡಿದವಳು ದಡ ಬಿಡಬಾರದೆಂಬ ಅಪ್ಪಣೆಯನ್ನು ಜನ ಉಳಿದ ಅಪ್ಪಣೆಗಳ ಜೊತೆ ಸುಮ್ಮನೆ ಒಪ್ಪಿಕೊಂಡಿದ್ದರು. ನಾನು ಆಕೆಯ ಬಾಯನ್ನೇ ನೋಡುತ್ತ, ಆ ಎರಡು ಪರಿಚಿತ ಪದಗಳು ಬರಲಪ್ಪ ಎಂದು ಬೇಡಿಕೊಂಡೆ. ಬರಲಿಲ್ಲ.

“ಹೌದು,” ಎಂದಳು ಮಾರಕ್ಕ. “ನನಗೆ ನೀರಂದ್ರೆ ಹೆದರಿಕೆ. ಅವತ್ತು ಹಗ್ಗ ಎಸೆದೆ. ಅವಳ ಕೈಗೆ ಒಂದು ಗೇಣು ಕಮ್ಮಿ ಬಿತ್ತು. ನಾಲ್ಕು ಮೆಟ್ಟಿಲು ಇಳಿದು ಎಸೆದಿದ್ರೆ ಸಿಗ್ತಿತ್ತು. ಕಾಲು ಏಳಲಿಲ್ಲ.”

ಇಷ್ಟು ಹೇಳಿ, ಹಗ್ಗದ ತುದಿಯನ್ನು ಪಕ್ಕದವರಿಗೆ ದಾಟಿಸಿ, ಗುಂಡಿಗಳನ್ನು ಬಿಚ್ಚಿ, ಕೋಟನ್ನು ನನ್ನ ಕೈಗೆ ಕೊಟ್ಟಳು. ಅದು ಅಷ್ಟು ಭಾರವೆಂದು ನನಗೆ ತಿಳಿದಿರಲಿಲ್ಲ. ಕೋಟಿಲ್ಲದ ಮಾರಕ್ಕ ಸಣ್ಣ ಹೆಂಗಸು, ಹೆಗಲುಗಳು ಹುಡುಗಿಯ ಹೆಗಲಿನಷ್ಟು ಕಿರಿದು. ಮೊದಲ ಮೆಟ್ಟಿಲು ಇಳಿದಳು, ಎರಡನೆಯದು ಇಳಿದಳು. ನೀರು ಪಾದ ಮುಟ್ಟಿದಾಗ ಇಡೀ ಮೈ ನಡುಗಿದ್ದು ಮೇಲಿನವರೆಗೂ ಕಂಡಿತು.

“ಅಕ್ಕಾ, ಬೇಡ. ನಾನು ಸಿಟ್ಟಲ್ಲಿ ಅಂದೆ. ಬೇಡ ಬಾ!” ಎಂದು ಟಗ್ಗಣ್ಣ ಕೂಗಿದ.

ಆಕೆ ತಿರುಗದೆಯೇ ಕೈ ಹಿಂದಕ್ಕೆ ಚಾಚಿದಳು. “ಬರ್ತೀಯೋ, ನಾನೊಬ್ಬಳೇ ಹೋಗ್ಲೋ?”

ಅವನು ಬೂಟು ಬಿಚ್ಚುವುದನ್ನೂ ಮರೆತು ಇಳಿದ. ಹಡಗುಗಳನ್ನು ಬೆರಳಲ್ಲಿ ತಿರುಗಿಸುವವನು ಎದೆಮಟ್ಟದ ನೀರಿನಲ್ಲಿ ಅಕ್ಕನ ಕೈಯನ್ನು ಎರಡೂ ಕೈಗಳಿಂದ ಹಿಡಿದು ನಿಂತ. ಯಾರು ಯಾರನ್ನು ಹಿಡಿದಿದ್ದಾರೆಂದು ಹೇಳುವಂತಿರಲಿಲ್ಲ. ಮಾರುಕಟ್ಟೆಯ ಹೆಂಗಸರು ಸುತ್ತ ಸೇರಿ ಇಬ್ಬರ ಬೆನ್ನ ಕೆಳಗೂ ಅಂಗೈ ಕೊಟ್ಟರು. “ಕುತ್ತಿಗೆ ಸಡಿಲ ಬಿಡೇ, ಹೊಟ್ಟೆ ಮೇಲೆ ಮಾಡು. ಆರು ವರ್ಷ ನಮಗೆ ಹೇಳಿಕೊಟ್ಟಿದ್ದು ನೀನೇ ಅಲ್ವೇನೇ?” ಎಂದು ತಕ್ಕಡಿಯಮ್ಮ ಗದರಿದಳು. ಮುಳುಗಿದರು. ಎತ್ತಿದರು. ಮಾರಕ್ಕ ಮೂಗಿನಲ್ಲಿ ನೀರು ಹೋಗಿ ಸೀನಿದಳು. ಟಗ್ಗಣ್ಣನ ಬೂಟು ಅವನನ್ನು ಕಾಲಿನಿಂದ ಕೆಳಕ್ಕೆಳೆಯುತ್ತಿತ್ತು. ಯಾರೋ ಮುಳುಗಿ ಅದನ್ನು ಕಿತ್ತು ದಡಕ್ಕೆ ಎಸೆದರು. ಮತ್ತೆ ಒರಗಿಸಿದರು. ಒಂದೊಂದೇ ಅಂಗೈ ಹಿಂದೆ ಸರಿಯಿತು. ಕೊನೆಯ ಕೈ ತಕ್ಕಡಿಯಮ್ಮನದು. ತಕ್ಕಡಿಯ ಮುಳ್ಳು ನಿಲ್ಲುವುದನ್ನು ಕಾಯುವವಳಂತೆ ಉಸಿರು ಬಿಗಿಹಿಡಿದು, ಅದನ್ನೂ ಮೆಲ್ಲಗೆ ತೆಗೆದಳು.

ತೇಲುತ್ತಿದ್ದರು! “ಒಂದು!” ಎಂದು ನೀರಿನಿಂದ ಯಾರೋ ಅಂದರು, “ಎರಡು!” ಎಂದು ದಡವೆಲ್ಲ ಅಂದಿತು. ಹತ್ತಕ್ಕೆ ಪೀಪಾಯಿಗಳು ಸೇರಿಕೊಂಡವು. 
ಮಾರಕ್ಕ ಕಣ್ಣು ಬಿಗಿಯಾಗಿ ಮುಚ್ಚಿ, ಬೇಗ ಮುಗಿಸಿಬಿಡುವ ಆಸೆಗೆ ಜನರಿಗಿಂತ ಹತ್ತು ಅಂಕಿ ಮುಂದೆ ಎಣಿಸುತ್ತಿದ್ದುದು ತುಟಿಗಳಿಂದ ತಿಳಿಯುತ್ತಿತ್ತು. ಎಪ್ಪತ್ತರ ಹೊತ್ತಿಗೆ ಆಕೆ ಕಣ್ಣು ತೆರೆದಳು. ಆಕಾಶ ನೋಡಿದಳು. ಎಣಿಸುವುದನ್ನು ನಿಲ್ಲಿಸಿದಳು. ಎಂಬತ್ತು, ತೊಂಬತ್ತು! ಜನ ಒಬ್ಬರನ್ನೊಬ್ಬರು ತಬ್ಬಿಕೊಂಡು ಕಿರುಚುತ್ತಿದ್ದರು. ನಾನು ಕೋಟನ್ನು ಎದೆಗವಚಿಕೊಂಡು ಕುಣಿಯುತ್ತಿದ್ದೆ, ಪೆಪ್ಪರ್‌ಮಿಂಟುಗಳು ಜೇಬಿನಿಂದ ಉದುರುತ್ತಿದ್ದವು. ನೂರು ಎಂದಾಗ ಬಂದರಿನ ಹಡಗುಗಳೆಲ್ಲ ಸಿಳ್ಳು ಹಾಕಿದವು. ಆ ಗದ್ದಲದಲ್ಲಿ ಟಗ್ಗಣ್ಣ ಅಳುತ್ತಿದ್ದನೋ ನಗುತ್ತಿದ್ದನೋ ಯಾರಿಗೂ ತಿಳಿಯಲಿಲ್ಲ, ಅವನ ಮುಖವೆಲ್ಲ ಒಂದೇ ಉಪ್ಪುನೀರು. ಅಕ್ಕ ತಮ್ಮ ನೂರಾದ ಮೇಲೂ ಏಳಲಿಲ್ಲ. ಜನ ನೂರೈವತ್ತರವರೆಗೆ ಎಣಿಸಿ ಸುಸ್ತಾಗಿ ಬಿಟ್ಟರು.

ಎರಡು ವರ್ಷದ ಮೇಲೆ, ಒಂದು ಗಾಳಿಯ ಮಧ್ಯಾಹ್ನ, ಬಂದರಿನ ಬಾಯಲ್ಲಿ ಇನ್ನೊಂದು ಲಾಂಚು ಮಗುಚಿತು. ಸುದ್ದಿ ತಂದವನು ಒದ್ದೆ ಬಟ್ಟೆಯಲ್ಲೇ ಅಂಗಡಿಗೆ ಓಡಿಬಂದ. ಹಗ್ಗ ಅಳೆಯುತ್ತಿದ್ದ ಮಾರಕ್ಕನ ತೋಳುಗಳು ಬಿಚ್ಚಿದಂತೆಯೇ ನಿಂತವು. “ಎಷ್ಟು ಜನ?” ಎಂದಳು.

“ಮೂವತ್ತೆಂಟು ಜನ ಮಾರಕ್ಕ! ಮೂವತ್ತೆಂಟೂ ಜನ ಬೆನ್ನ ಮೇಲೆ ಮಲಗಿ ಎಣಿಸ್ತಿದ್ವಿ. ಟಗ್ಗಣ್ಣ ಬಂದು ಎತ್ಕೊಳ್ಳೋವರೆಗೆ ನಾಲ್ಕು ಸಲ ನೂರು ಎಣಿಸಿದ್ವಿ!”

ಆಕೆ ಹಗ್ಗದ ಸಿಂಬಿಯ ಮೇಲೆ ಕುಸಿದು ಕೂತಳು. ನಂಬಲಿಲ್ಲ. ಯಾರು ಯಾರು ಎಂದು ಕೇಳಿದಳು. ಅವನು ಹೇಳುತ್ತ ಹೋದ ಹಾಗೆ ಒಬ್ಬೊಬ್ಬರಿಗೂ ಒಂದೊಂದು ಬೆರಳು ಮಡಿಸಿದಳು. ಮೂವತ್ತಾರಕ್ಕೆ ಅವನ ನೆನಪು ಕೈಕೊಟ್ಟಾಗ, ಉಳಿದ ಇಬ್ಬರನ್ನು ಕಣ್ಣಾರೆ ನೋಡಿ ಬರುವವರೆಗೆ ತಾನು ಅನ್ನ ಮುಟ್ಟುವುದಿಲ್ಲವೆಂದು ಎದ್ದು ಹೊರಟೇಬಿಟ್ಟಳು. ನೋಡಿ ಬಂದು ಉಂಡಳು. ಎರಡು ಸಲ ಬಡಿಸಿಕೊಂಡಳೆಂದು ಟಗ್ಗಣ್ಣ ಆಮೇಲೆ ಹೇಳಿದ.

ನನಗೆ ವರ್ಗವಾಗಿ ಆ ಪಟ್ಟಣ ಬಿಟ್ಟು ಬಹಳ ಕಾಲವಾಯಿತು. ಬೇರೆ ಊರುಗಳಲ್ಲಿ ತಿಳಿದವರನ್ನು ಬೇಕಾದಷ್ಟು ಕಂಡಿದ್ದೇನೆ, ಹೀಗೆ ಮಾಡಬೇಕು ಹಾಗೆ ಮಾಡಬಾರದು ಎಂದು ಸ್ಪಷ್ಟವಾಗಿ, ನ್ಯಾಯವಾಗಿ ಹೇಳಬಲ್ಲವರನ್ನು. ಅವರ ಮಾತು ತಪ್ಪೆಂದು ನನಗೆ ಎಂದೂ ಅನಿಸಿಲ್ಲ. ಆದರೆ ಮನುಷ್ಯರಿಗೆ ಕೊರತೆಯಾಗುವುದು ತಿಳಿವಳಿಕೆಯಲ್ಲ. ಏನು ಮಾಡಬೇಕೆಂದು ಬಹುಪಾಲು ಎಲ್ಲರಿಗೂ ಗೊತ್ತಿರುತ್ತದೆ. ದುಃಖವಿದ್ದಲ್ಲಿ, ಹೆದರಿಕೆಯಿದ್ದಲ್ಲಿ, ಕಾಲು ಎತ್ತಿಡುವುದಕ್ಕೆ ಒಂದು ನೆಪ ಸಿಗುವುದಿಲ್ಲ, ಅಷ್ಟೇ. ಜಗತ್ತಿನಲ್ಲಿ ಬುದ್ಧಿ ಹೇಳುವವರು ಹೆಜ್ಜೆಗೊಬ್ಬರು ಸಿಗುತ್ತಾರೆ. ನೆಪ ಒದಗಿಸುವವರು ಊರಿಗೊಬ್ಬರೂ ಇರುವುದಿಲ್ಲ. ಅವರು ತಮ್ಮ ಭಯವನ್ನು ತಾವೇ ದಾಟಲಾರದವರೂ ಆಗಿರಬಹುದು. ಆದರೂ ಉಳಿದವರೆಲ್ಲ ದಾಟಲೆಂದು ಸುಳ್ಳುಗಾರರೆನಿಸಿಕೊಳ್ಳಲು ಒಪ್ಪಿ ನಿಲ್ಲುತ್ತಾರೆ. ನಾವು ಅವರನ್ನು ನಂಬಿದ್ದೇವೆಂದು ಅವರು ತಿಳಿದಿರುತ್ತಾರೆ. ನಂಬಿರುವುದಿಲ್ಲ, ಅವರ ಮೇಲಿನ ಪ್ರೀತಿಗೆ ಒಪ್ಪಿಕೊಂಡಿರುತ್ತೇವೆ.